ಟೈಪ್-ಸಿಯಲ್ಲಿ 4ಕೆ ಮಾನಿಟರ್ 30 ಹರ್ಟ್ಜ್‌ ದಾಟುತ್ತಿಲ್ಲ. ಕೇಬಲ್ ಬದಲಿಸಲಾ, ಲ್ಯಾಪ್‌ಟಾಪ್ ಬದಲಿಸಲಾ?

ಎರಡನ್ನೂ ಬದಲಿಸಬೇಡಿ. ಸದ್ಯಕ್ಕೆ ಏನನ್ನೂ ಕೊಳ್ಳಬೇಡಿ. ಮೌಸ್ ಬಾಣ ತಡವರಿಸುತ್ತಾ ಬರುತ್ತದೆ, ಮಾನಿಟರ್ ಹಿಂದೆ ಎಸ್‌ಎಸ್‌ಡಿ ಡಿಸ್ಕ್ ಸಿಕ್ಕಿಸಿದ್ದೇನೆ ಅಂತ ಬರೆದಿದ್ದೀರಲ್ಲ, ಓದುತ್ತಿದ್ದ ಹಾಗೇ ನನ್ನ ಹಳೇ ಮೇಜು ಕಣ್ಮುಂದೆ ಬಂತು.

ನನ್ನದೂ 4ಕೆ ಮಾನಿಟರ್, ಒಂದೇ ಟೈಪ್-ಸಿ ಕೇಬಲ್. ಚಿತ್ರ, ಚಾರ್ಜಿಂಗ್, ಕೀಬೋರ್ಡ್, ಬ್ಯಾಕಪ್ ಡಿಸ್ಕ್ ಎಲ್ಲ ಅದರಲ್ಲೇ. ಮೊದಲ ವಾರ 60 ಹರ್ಟ್ಜ್, ಅಂದರೆ ಸೆಕೆಂಡಿಗೆ 60 ಚಿತ್ರ, ಬರುತ್ತಿತ್ತು. ಆಮೇಲೆ 30. ಮೂರು ಕೇಬಲ್ ತಂದೆ. ಡ್ರೈವರ್ ತೆಗೆದು ಮತ್ತೆ ಹಾಕಿದೆ. ಕೊನೆಗೆ ಪೋರ್ಟೇ ಕೆಟ್ಟಿದೆ ಅಂದುಕೊಂಡು, ಚೆನ್ನಾಗಿದ್ದ ಲ್ಯಾಪ್‌ಟಾಪ್ ಮಾರಿ ಹೊಸದು ತಂದೆ. ಅದರಲ್ಲೂ 30.

ತಪ್ಪು ಆಗಿದ್ದು ಮಾನಿಟರಿನ ಮೆನುವಿನಲ್ಲಿ, ನನ್ನ ಕೈಯಿಂದಲೇ. ಬ್ಯಾಕಪ್ ಬೇಗ ಮುಗಿಯಲಿ ಅಂತ ಒಂದು ಸಂಜೆ 'ಯುಎಸ್‌ಬಿ 2.0' ಅಂತಿದ್ದ ಆಯ್ಕೆಯನ್ನು 'ಯುಎಸ್‌ಬಿ 3' ಮಾಡಿದ್ದೆ. ಪರದೆ ತಡವರಿಸುತ್ತಿದೆ ಅಂತ ಗಮನಿಸಿದ್ದು ಎರಡು ದಿನ ಬಿಟ್ಟು. ಹಾಗಾಗಿ ಇದಕ್ಕೂ ಅದಕ್ಕೂ ಸಂಬಂಧ ಇದೆ ಅಂತ ಹೊಳೆಯಲೇ ಇಲ್ಲ.

ಸಂಬಂಧ ಏನು ಅಂದರೆ, ಟೈಪ್-ಸಿಯಲ್ಲಿ ವೇಗದ ತಂತಿಜೋಡಿಗಳು ಇರುವುದು ನಾಲ್ಕೇ. ಯುಎಸ್‌ಬಿ 2.0ಗೆ ಬೇರೆಯೇ ಜೋಡಿ ಇದೆ, ಸೆಕೆಂಡಿಗೆ 480 ಮೆಗಾಬಿಟ್‌ನದು. ಅದು ಈ ನಾಲ್ಕರ ತಂಟೆಗೆ ಬರುವುದಿಲ್ಲ. ಯುಎಸ್‌ಬಿ 3 ಬೇಕು ಅಂದ ತಕ್ಷಣ ಎರಡು ಜೋಡಿ ಅದಕ್ಕೆ ಹೋಗುತ್ತವೆ. ಚಿತ್ರಕ್ಕೆ ಉಳಿಯುವುದು ಎರಡೇ ಜೋಡಿ, ಅಂದರೆ ಎರಡೇ ಲೇನ್. ಚಿತ್ರ ಸಾಗಿಸುವ ಮಾನದಂಡಕ್ಕೆ ಡಿಸ್‌ಪ್ಲೇಪೋರ್ಟ್ ಅಂತ ಹೆಸರು, ನನ್ನ ಮಾನಿಟರ್ ಅದರ 1.2 ಆವೃತ್ತಿಯದು. ಅದರಲ್ಲಿ ಲೇನಿಗೆ ಸೆಕೆಂಡಿಗೆ 5.4 ಗಿಗಾಬಿಟ್. ಆದರೆ 8 ಬಿಟ್ ದಾಟಿಸಲು 10 ಬಿಟ್ ಖರ್ಚಾಗುತ್ತದೆ, ಕೈಗೆ ಸಿಗುವುದು 4.32. ಎರಡು ಲೇನ್ ಸೇರಿದರೆ 8.64. ಪಿಕ್ಸೆಲ್‌ಗೆ 24 ಬಿಟ್ ಅಂದುಕೊಂಡರೂ 4ಕೆ ಚಿತ್ರ 60 ಹರ್ಟ್ಜ್‌ನಲ್ಲಿ ಓಡಲು ಸುಮಾರು 12 ಗಿಗಾಬಿಟ್ ಬೇಕು. ಹಿಡಿಸುವುದಿಲ್ಲ. 30 ಹರ್ಟ್ಜ್‌ಗೆ ಸುಮಾರು 6 ಸಾಕು, ಹಿಡಿಸುತ್ತದೆ. ಹಾಗಾಗಿ ಸುಮ್ನೆ 30ಕ್ಕೆ ಇಳಿದುಬಿಡುತ್ತದೆ, ಒಂದು ಎಚ್ಚರಿಕೆಯೂ ಬರುವುದಿಲ್ಲ.

ಹೊಸ ಲ್ಯಾಪ್‌ಟಾಪ್ ಡಿಸ್‌ಪ್ಲೇಪೋರ್ಟ್ 1.4ರದು, ಲೇನಿಗೆ 8.1. ಎರಡೇ ಲೇನಿನಲ್ಲಿ 12.96 ಸಿಗುತ್ತದೆ, 60 ಹೇಗೋ ಕೂರುತ್ತದೆ. ಆದರೆ ಎದುರಿಗಿದ್ದದ್ದು ಅದೇ 1.2ರ ಮಾನಿಟರ್ ಅಲ್ವಾ? ಅದರ ವೇಗಕ್ಕೇ ಇದೂ ಇಳಿಯಬೇಕು.

ಬೇಸತ್ತು ಮಾನಿಟರನ್ನು ಫ್ಯಾಕ್ಟರಿ ರೀಸೆಟ್ ಮಾಡಿದಾಗ 60 ಬಂತು. ಆಯ್ಕೆಗಳನ್ನು ಒಂದೊಂದಾಗಿ ಬದಲಿಸುತ್ತಾ ಹೋದಾಗ ಕಾರಣ ಸಿಕ್ಕಿತು. ಹಳೇ ಲ್ಯಾಪ್‌ಟಾಪ್ ಅಷ್ಟರಲ್ಲಿ ಬೇರೆಯವರ ಮನೆ ಸೇರಿತ್ತು. ಆ ಬೇಸರ ಈಗಲೂ ಹೋಗಿಲ್ಲ.

ಆದ್ದರಿಂದ ಕೇಬಲ್ಲಾ ಲ್ಯಾಪ್‌ಟಾಪಾ ಅನ್ನುವ ಪ್ರಶ್ನೆಯನ್ನೇ ಬಿಡಿ. ಮೆನು ತೆಗೆದು ಯುಎಸ್‌ಬಿಯನ್ನು 2.0ಗೆ ಇಳಿಸಿ. ಕೆಲವು ಮಾಡೆಲ್‌ಗಳಲ್ಲಿ ಇದಕ್ಕೆ 'ಹೈ ರೆಸಲ್ಯೂಷನ್', 'ಹೈ ಡೇಟಾ ಸ್ಪೀಡ್' ಅಂತ ಹೆಸರಿರುತ್ತದೆ. ಮೊದಲನೆಯದೇ ಇರಲಿ. ಕೀಬೋರ್ಡ್, ಮೌಸ್‌ಗೆ 480 ಮೆಗಾಬಿಟ್ ಬೇಕಾದಷ್ಟಾಯಿತು. ಎಸ್‌ಎಸ್‌ಡಿಯನ್ನು ಲ್ಯಾಪ್‌ಟಾಪಿನ ಇನ್ನೊಂದು ಪೋರ್ಟಿಗೆ ಹಾಕಿ. ಎಲ್ಲವೂ ಒಂದೇ ಕೇಬಲ್‌ನಲ್ಲಿ ಬರಬೇಕು ಅನ್ನುವ ಆಸೆಯನ್ನು ನಾನಂತೂ ಬಿಟ್ಟಿದ್ದೇನೆ. ದಿನವಿಡೀ ನೋಡುವುದು ಪರದೆಯನ್ನು, ನಾಲ್ಕೂ ಲೇನ್ ಅದಕ್ಕೇ ಸಿಗಲಿ.

ಉದ್ದದ ಅಥವಾ ಕಳಪೆ ಕೇಬಲ್ಲೂ ವೇಗ ಇಳಿಸಬಹುದು, ಇಲ್ಲ ಅನ್ನುವುದಿಲ್ಲ. ಆದರೆ ಅದನ್ನು ಕೊನೆಗೆ ನೋಡಿ. ಮೆನುವಿನಲ್ಲಿ ಅಂಥ ಆಯ್ಕೆಯೇ ಕಾಣದಿದ್ದರೆ, ಮಾನಿಟರಿನ ಡಿಸ್‌ಪ್ಲೇಪೋರ್ಟ್ ಆವೃತ್ತಿ ಯಾವುದು ಅಂತ ಇಲ್ಲೇ ಬರೆಯಿರಿ. ಲೇನ್ ಲೆಕ್ಕ ಜೊತೆಗೆ ಹಾಕೋಣ.