ಪುಟ್, ಬಟ್ ಬೇರೆಯಾದದ್ದು ಯಾವಾಗ?

ಇಂಗ್ಲಿಷ್ ಭಾಷೆಯ ಚರಿತ್ರೆಯನ್ನು ಪಾಠ ಹೇಳುವವರಿಗೆ ವ್ಯಾಕರಣಕ್ಕಿಂತ ಸ್ಪೆಲ್ಲಿಂಗ್ ಬಗ್ಗೆ ಬರುವ ಪ್ರಶ್ನೆಗಳೇ ಹೆಚ್ಚು. ಅವುಗಳಲ್ಲಿ ಬಹುಪಾಲು, ಇಂಗ್ಲಿಷನ್ನು ಆಡಿದಂತೆ ಏಕೆ ಬರೆಯುವುದಿಲ್ಲ ಎಂಬ ಒಂದೇ ಪ್ರಶ್ನೆಯನ್ನು ಬೇರೆ ಬೇರೆ ಮಾತುಗಳಲ್ಲಿ ಕೇಳುತ್ತವೆ, ಮತ್ತು ಕೇಳುವ ಹೊತ್ತಿಗಾಗಲೇ ಉತ್ತರವನ್ನೂ ತೀರ್ಮಾನಿಸಿಕೊಂಡಿರುತ್ತವೆ. ಈ ಸಲ ಆ ಒಂದು ಪ್ರಶ್ನೆಗೆ ವಿವರವಾಗಿ ಉತ್ತರಿಸಿ, ಉಳಿದವನ್ನು ಚಿಕ್ಕದಾಗಿ ಮುಗಿಸುತ್ತೇನೆ.

ಪ್ರಶ್ನೆ: ಹಳೆಯ ಇಂಗ್ಲಿಷ್ ನಿಘಂಟೊಂದರಲ್ಲಿ ‘ಹೆಟರೋಗ್ರಫಿ’ ಎಂಬ ಪದ ಕಂಡೆ. ಇದರ ಅರ್ಥವೇನು?

ಉತ್ತರ: ಎರಡು ಅರ್ಥಗಳಿವೆ. ಎಲ್ಲರೂ ಒಪ್ಪಿದ ಕ್ರಮಕ್ಕಿಂತ ಬೇರೆಯಾಗಿ ಪದವನ್ನು ಬರೆಯುವುದು ಒಂದು. ಒಂದೇ ಅಕ್ಷರ ಬೇರೆ ಬೇರೆ ಪದಗಳಲ್ಲಿ ಬೇರೆ ಬೇರೆ ಧ್ವನಿಗಳನ್ನು ಸೂಚಿಸುವಂಥ ಬರವಣಿಗೆಯ ವ್ಯವಸ್ಥೆ ಇನ್ನೊಂದು. ಎರಡನೆಯ ಅರ್ಥಕ್ಕೆ ಇಂಗ್ಲಿಷನ್ನೇ ಉದಾಹರಣೆಯಾಗಿ ಕೊಡುವುದು ವಾಡಿಕೆ. ಈಗ ಈ ಪದವನ್ನು ಬಳಸುವವರು ಬಹಳ ಕಡಿಮೆ. ಪರೀಕ್ಷೆಗೆಂದು ಬಾಯಿಪಾಠ ಮಾಡುವ ಅಗತ್ಯವಿಲ್ಲ.

ಪ್ರಶ್ನೆ: ಪಿ ಯು ಟಿ ‘ಪುಟ್’ ಆದರೆ ಬಿ ಯು ಟಿ ‘ಬಟ್’ ಏಕೆ? ಯೋಧ ಎಂಬರ್ಥದ ‘ನೈಟ್’ ಪದಕ್ಕೆ ಕೆ ಏಕೆ, ಸಾಲ ಎಂಬರ್ಥದ ‘ಡೆಟ್’ ಪದಕ್ಕೆ ಬಿ ಏಕೆ? ತಮ್ಮ ಭಾಷೆಯನ್ನು ಇಷ್ಟು ಅಡ್ಡಾದಿಡ್ಡಿಯಾಗಿ ಬರೆಯಲು ಇಂಗ್ಲಿಷರಿಗೆ ಏನು ಕಾರಣ?

ಉತ್ತರ: ನೀವು ಕೊಟ್ಟಿರುವ ಮೂರು ಉದಾಹರಣೆಗಳ ಕಥೆ ಮೂರು ಬಗೆಯದು. ಮೂರನ್ನೂ ಒಂದೇ ಮೂಟೆಗೆ ತುಂಬಿ ‘ಅಡ್ಡಾದಿಡ್ಡಿ’ ಎಂದು ಚೀಟಿ ಅಂಟಿಸುವುದನ್ನು ನಾನು ಒಪ್ಪಲಾರೆ. ಶಾಲೆಗಳಲ್ಲಿ ತಲೆಮಾರುಗಳಿಂದ ನಡೆದಿರುವುದು ಇದೇ. ಮಗು ‘ಏಕೆ’ ಎಂದು ಕೇಳುತ್ತದೆ, ಮೇಷ್ಟರು ‘ಇಂಗ್ಲಿಷೇ ಹಾಗೆ’ ಎಂದು ಬಾಯಿ ಮುಚ್ಚಿಸುತ್ತಾರೆ. ಕಾರಣಗಳು ಗೊತ್ತಿವೆ, ಪುಸ್ತಕಗಳಲ್ಲಿವೆ. ಹುಡುಕುವ ಶ್ರಮವನ್ನು ಯಾರೂ ತೆಗೆದುಕೊಳ್ಳುವುದಿಲ್ಲ.

ಮೊದಲು ‘ನೈಟ್’. ಹಳೆಯ ಇಂಗ್ಲಿಷಿನಲ್ಲಿ ಈ ಪದವನ್ನು ಹೆಚ್ಚುಕಡಿಮೆ ‘ಕ್ನಿಹ್ತ್’ ಎಂದು ಉಚ್ಚರಿಸುತ್ತಿದ್ದರು. ಆಗ ಅದಕ್ಕೆ ಹುಡುಗ, ಆಳು ಎಂಬ ಅರ್ಥವಿತ್ತು. ಕಕಾರ ಬಾಯಲ್ಲಿತ್ತು, ಆದ್ದರಿಂದ ಬರಹದಲ್ಲೂ ಇತ್ತು. ನಡುವಿನ ಜಿ ಎಚ್ ಜೋಡಿ ಗಂಟಲಿನ ಕಡೆಯಿಂದ ಬರುವ ಒಂದು ಹಕಾರವನ್ನು ಸೂಚಿಸುತ್ತಿತ್ತು. ಇದರ ಸೋದರ ಪದ ಜರ್ಮನ್ ಭಾಷೆಯಲ್ಲಿ ಇಂದಿಗೂ ‘ಕ್ನೆಖ್ಟ್’ ಎಂದು ಕಕಾರ ಸಮೇತ ಬದುಕಿದೆ. ಸ್ಕಾಟ್ಲೆಂಡಿನ ಆಡುಮಾತಿನಲ್ಲಿ ರಾತ್ರಿಯನ್ನು ‘ನಿಖ್ಟ್’ ಎನ್ನುವಾಗ ಆ ಗಂಟಲ ಧ್ವನಿಯನ್ನು ಈಗಲೂ ಕೇಳಬಹುದು. 14ನೆಯ ಶತಮಾನದ ಇಂಗ್ಲಿಷ್ ಲಿಪಿಕಾರ ಈ ಪದವನ್ನು ಬರೆದಾಗ ತನಗೆ ಕೇಳಿಸಿದ್ದನ್ನೇ ಬರೆದ. ಆಮೇಲೆ ದಕ್ಷಿಣ ಇಂಗ್ಲೆಂಡಿನ ಮಾತಿನಲ್ಲಿ ಗಂಟಲ ಧ್ವನಿ ಸವೆದು ಅದರ ಹಿಂದಿನ ‘ಇ’ ದೀರ್ಘವಾಯಿತು, ಆ ‘ಈ’ ಮುಂದೆ ‘ಐ’ ಆಯಿತು, 17ನೆಯ ಶತಮಾನದ ಹೊತ್ತಿಗೆ ಕಕಾರವೂ ಉದುರತೊಡಗಿತು. ಬರಹ ಮಾತ್ರ ಇದ್ದಲ್ಲೇ ನಿಂತಿತು.

‘ಈ’ ಹೋಗಿ ‘ಐ’ ಆದದ್ದು ಆ ಒಂದು ಪದದಲ್ಲಿ ಮಾತ್ರವಲ್ಲ. ಸುಮಾರು 1400ರಿಂದ 1700ರ ನಡುವೆ ಇಂಗ್ಲಿಷಿನ ದೀರ್ಘ ಸ್ವರಗಳೆಲ್ಲ ಸಾಲಾಗಿ ತಮ್ಮ ಜಾಗ ಬಿಟ್ಟವು. ‘ನಾಮ’ ಎಂದಿದ್ದದ್ದು ‘ನೇಮ್’ ಆಯಿತು, ‘ಟೀಮ’ ಎಂದಿದ್ದದ್ದು ‘ಟೈಮ್’ ಆಯಿತು, ‘ಹೂಸ್’ ಎಂದಿದ್ದ ಮನೆ ‘ಹೌಸ್’ ಆಯಿತು, ‘ಫೋಡ್’ ಎಂದಿದ್ದ ಆಹಾರ ‘ಫೂಡ್’ ಆಯಿತು. ಯುರೋಪಿನ ಇತರ ಭಾಷೆಗಳಲ್ಲಿ ಸಾಮಾನ್ಯವಾಗಿ ‘ಆ’, ‘ಏ’, ‘ಈ’ ಎಂದು ಓದುವ ಮೂರು ಅಕ್ಷರಗಳನ್ನು ಇಂಗ್ಲಿಷಿನಲ್ಲಿ ಮಾತ್ರ ‘ಎ’, ‘ಈ’, ‘ಐ’ ಎಂದು ಕರೆಯುವುದಕ್ಕೂ ಇದೇ ಕಾರಣ. ಈ ಪಲ್ಲಟ ನಡೆಯುತ್ತಿದ್ದ ಕಾಲದಲ್ಲೇ, 1476ರಲ್ಲಿ, ವಿಲಿಯಂ ಕ್ಯಾಕ್ಸ್‌ಟನ್ ವೆಸ್ಟ್‌ಮಿನ್‌ಸ್ಟರ್‌ನಲ್ಲಿ ಇಂಗ್ಲೆಂಡಿನ ಮೊದಲ ಮುದ್ರಣಾಲಯವನ್ನು ತೆರೆದ. ಮುದ್ರಕರು ಹಳೆಯ ಉಚ್ಚಾರಕ್ಕೆ ಹೊಂದುವ ಸ್ಪೆಲ್ಲಿಂಗನ್ನು ಅಚ್ಚಿನ ಮೊಳೆಗಳಲ್ಲಿ ಹರಡಿದರು, ಮುಂದಿನ ಎರಡು ಶತಮಾನಗಳಲ್ಲಿ ಅದು ಗಟ್ಟಿಯಾಯಿತು, 1755ರಲ್ಲಿ ಬಂದ ಸ್ಯಾಮ್ಯುಯೆಲ್ ಜಾನ್ಸನ್ನನ ನಿಘಂಟು ಅದಕ್ಕೆ ಅಧಿಕಾರದ ಮುದ್ರೆ ಒತ್ತಿತು. ಕ್ಯಾಕ್ಸ್‌ಟನ್ ಬಹುಕಾಲ ಫ್ಲೆಮಿಶ್ ಭಾಷೆ ಮಾತನಾಡುವ, ಇಂದಿನ ಬೆಲ್ಜಿಯಂ ಕಡೆಯ ಸೀಮೆಯಲ್ಲಿದ್ದು ಬಂದವನು. ದೆವ್ವವನ್ನು ಹೇಳುವ ಇಂಗ್ಲಿಷ್ ಪದದೊಳಗಿನ ಎಚ್ ಆ ಭಾಷೆಯ ಬರವಣಿಗೆಯ ಪ್ರಭಾವದಿಂದ ಸೇರಿಕೊಂಡದ್ದು. ಅದಕ್ಕೆ ಇಂಗ್ಲಿಷಿನಲ್ಲಿ ಯಾವ ಧ್ವನಿಯೂ ಇಲ್ಲ. ನಾವು ಕನ್ನಡದಲ್ಲಿ ಆ ಎಚ್ ಅನ್ನು ನಂಬಿ ‘ಘೋಸ್ಟ್’ ಎಂದು ಮಹಾಪ್ರಾಣ ಹಾಕಿ ಬರೆಯುತ್ತೇವೆ.

‘ಪುಟ್’ ಮತ್ತು ‘ಬಟ್’ ಜೋಡಿಯದು ಇನ್ನೂ ಈಚಿನ ಕಥೆ. 17ನೆಯ ಶತಮಾನದವರೆಗೆ ಎರಡರಲ್ಲೂ ‘ಉ’ಕಾರವೇ ಇತ್ತು, ‘ಪುಟ್’, ‘ಬುಟ್’ ಎಂದು ಅವು ಪ್ರಾಸಬದ್ಧವಾಗಿದ್ದವು. ಆಮೇಲೆ ದಕ್ಷಿಣ ಇಂಗ್ಲೆಂಡಿನಲ್ಲಿ ಈ ಹ್ರಸ್ವ ‘ಉ’ ಬಹುತೇಕ ಪದಗಳಲ್ಲಿ ‘ಅ’ಕಾರದ ಕಡೆಗೆ ಸರಿಯಿತು: ಬಟ್, ಕಟ್, ಕಪ್, ಸನ್. ತುಟಿ ಸೇರಿಸಿ ಹೇಳುವ ಪ, ಬ, ಫಗಳ ಪಕ್ಕದಲ್ಲಿ ಮಾತ್ರ ಹಲವೆಡೆ ಹಳೆಯ ‘ಉ’ ಉಳಿಯಿತು: ಪುಟ್, ಪುಲ್, ಬುಲ್, ಫುಲ್, ಪುಷ್. ತುಟಿ ಗುಂಡಾಗಿಯೇ ಇದ್ದುದು ಅದಕ್ಕೆ ಆಸರೆಯಾಯಿತು. ಇದು ಎಲ್ಲ ಪದಗಳಿಗೂ ತಪ್ಪದೆ ಹೊಂದುವ ನಿಯಮವಲ್ಲ. ಬಕಾರವಿದ್ದೂ ‘ಬಟ್’ ಬದಲಾಯಿತು. ಆದರೆ ಪ್ರವೃತ್ತಿ ಸ್ಪಷ್ಟವಾಗಿದೆ. ಉತ್ತರ ಇಂಗ್ಲೆಂಡಿಗೆ ಈ ಬದಲಾವಣೆ ತಲುಪಲೇ ಇಲ್ಲ. ಲೀಡ್ಸ್ ಕಡೆಯ ಹಳಬರು ಇಂದಿಗೂ ‘ಬುಟ್’, ‘ಕುಪ್’ ಎನ್ನುತ್ತಾರೆ. ನಮ್ಮಲ್ಲಿ ಯಾರಾದರೂ ಹಾಗೆ ಓದಿದರೆ ಇಡೀ ತರಗತಿ ನಗುತ್ತದೆ. ನಗುವ ಮೊದಲು ಇದನ್ನು ತಿಳಿದುಕೊಂಡಿರಬೇಕು.

‘ಡೆಟ್’ ಮಾತ್ರ ನಿಜಕ್ಕೂ ದೂರಿಗೆ ಅರ್ಹವಾದ ಪದ. ಇದರಲ್ಲಿರುವ ಬಕಾರ ಉದುರಿಹೋದದ್ದು ಎಂದು ಅನೇಕ ಅಧ್ಯಾಪಕರೇ ಬರೆಯುತ್ತಾರೆ, ಅದು ತಪ್ಪು. ಫ್ರೆಂಚಿನಿಂದ ಇಂಗ್ಲಿಷಿಗೆ ಬಂದಾಗ ಈ ಪದದಲ್ಲಿ ಬಕಾರವೇ ಇರಲಿಲ್ಲ, ಜನ ‘ಡೆಟ್’ ಎಂದು ಹೇಳಿ ಹಾಗೆಯೇ ಬರೆಯುತ್ತಿದ್ದರು. ಲ್ಯಾಟಿನ್ ಪಾಂಡಿತ್ಯಕ್ಕೆ ಗೌರವ ಹೆಚ್ಚಿದ ಕಾಲದಲ್ಲಿ ಪಂಡಿತರು ಮೂಲ ಪದವಾದ ‘ಡೆಬಿಟುಮ್’ ನೆನಪಿಗಾಗಿ ಬಕಾರವನ್ನು ತಂದು ತುರುಕಿದರು. ‘ಡೌಟ್’ ಪದದ ಬಿ, ‘ರಿಸೀಟ್’ ಪದದ ಪಿ ಬಂದದ್ದೂ ಹೀಗೆಯೇ. ‘ಐಲೆಂಡ್’ ಪದಕ್ಕೆ ಎಸ್ ಸೇರಿಸಿದವರಂತೂ ಎಡವಿದರು: ಅದು ಅಪ್ಪಟ ಇಂಗ್ಲಿಷ್ ಪದ, ಲ್ಯಾಟಿನ್ನಿನ ‘ಇನ್ಸುಲಾ’ಗೂ ಅದಕ್ಕೂ ಸಂಬಂಧವಿಲ್ಲ. ಭಾಷೆ ತಾನಾಗಿ ಬದಲಾದದ್ದರಿಂದ ಹುಟ್ಟಿದ ತೊಡಕನ್ನು ನಾನು ಕ್ಷಮಿಸಬಲ್ಲೆ. ಕಲಿಯುವವರ ಮೇಲೆ ಪಾಂಡಿತ್ಯದ ಪ್ರದರ್ಶನಕ್ಕಾಗಿ ಹೇರಿದ ಈ ಹೊರೆಯನ್ನು ಕ್ಷಮಿಸಲಾರೆ.

ಹಾಗಾದರೆ ತಿದ್ದಿಕೊಳ್ಳಬಾರದೇ ಎಂದು ನೀವು ಕೇಳುತ್ತೀರಿ. ಪ್ರಯತ್ನಿಸಿದ್ದಾರೆ. 1906ರಲ್ಲಿ ಅಮೆರಿಕದ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ 300 ಪದಗಳ ಸರಳ ಸ್ಪೆಲ್ಲಿಂಗನ್ನು ಸರ್ಕಾರಿ ಮುದ್ರಣದಲ್ಲಿ ಬಳಸಲು ಆದೇಶಿಸಿದರು. ಕಾಂಗ್ರೆಸ್ ವಿರೋಧಿಸಿತು, ಪತ್ರಿಕೆಗಳು ಗೇಲಿ ಮಾಡಿದವು, ವರ್ಷ ಮುಗಿಯುವುದರೊಳಗೆ ಆದೇಶ ಬಿದ್ದುಹೋಯಿತು. ಉಚ್ಚಾರದಂತೆ ಬರೆಯಬೇಕು ಎಂದಾಗ ಯಾರ ಉಚ್ಚಾರ ಎಂಬ ಪ್ರಶ್ನೆ ಏಳುತ್ತದೆ: ಲಂಡನ್ನಿನದೇ, ಗ್ಲಾಸ್ಗೋವಿನದೇ, ಟೆಕ್ಸಾಸಿನದೇ, ನಮ್ಮ ಬೆಂಗಳೂರಿನದೇ? ಇಂದಿನ ಬರಹಕ್ಕೆ ಇನ್ನೊಂದು ಅನುಕೂಲವೂ ಇದೆ. ‘ಸೈನ್’ ಪದದಲ್ಲಿ ಮೌನವಾಗಿರುವ ಜಿ ‘ಸಿಗ್ನೇಚರ್’ನಲ್ಲಿ ಬಾಯಿ ಬಿಡುತ್ತದೆ, ‘ಬಾಂಬ್’ ಪದದಲ್ಲಿ ಇಂಗ್ಲಿಷರು ನುಡಿಯದ ಕೊನೆಯ ಬಿ ‘ಬಂಬಾರ್ಡ್’ನಲ್ಲಿ ಕೇಳಿಸುತ್ತದೆ. ಪದಗಳ ನಂಟು ಕಣ್ಣಿಗೆ ಕಾಣುವಂತೆ ಉಳಿದಿದೆ. ಆದ್ದರಿಂದ ಮಕ್ಕಳಿಗೆ ಸಂಬಂಧಿಕ ಪದಗಳನ್ನು ಒಟ್ಟೊಟ್ಟಿಗೆ ಕಲಿಸಿ. ನೂರು ಬಿಡಿ ಪದಗಳನ್ನು ಹತ್ತತ್ತು ಸಲ ಬರೆಸುವ ಶಿಕ್ಷೆಯನ್ನು ದಯವಿಟ್ಟು ನಿಲ್ಲಿಸಿ.

ಪ್ರಶ್ನೆ: ಕನ್ನಡ ಶೇಕಡಾ 99.99ರಷ್ಟು ಪರಿಪೂರ್ಣ, ಆಡಿದಂತೆ ಬರೆಯುವ ಭಾಷೆ ಎಂಬ ಸಂದೇಶ ಓದಿದೆ. ನಿಜವೇ?

ಉತ್ತರ: ಈ ಅಂಕಿಗೆ ಯಾವ ಆಧಾರವೂ ಇಲ್ಲ, ಭಾಷೆಯ ಪರಿಪೂರ್ಣತೆಯನ್ನು ಶೇಕಡಾವಾರು ಅಳೆಯುವ ಸಾಧನವೂ ಇಲ್ಲ. ಕನ್ನಡವನ್ನು ಹೊಗಳಲು ಸುಳ್ಳು ಬೇಕಾಗಿಲ್ಲ. ಅಂಗಡಿ, ಮಂಚ, ಗಂಟೆ, ಹಂದಿ, ಕಂಬ ಎಂಬ ಐದು ಪದಗಳನ್ನು ಗಟ್ಟಿಯಾಗಿ ಓದಿ. ಒಂದೇ ಸೊನ್ನೆ ಐದು ಬೇರೆ ಅನುನಾಸಿಕಗಳನ್ನು ಸೂಚಿಸುತ್ತಿದೆ. ‘ಜ್ಞಾನ’ವನ್ನು ನಾವು ‘ಗ್ನಾನ’ ಎಂದೇ ಓದುತ್ತೇವೆ, ‘ಚಿಹ್ನೆ’ ಬಾಯಲ್ಲಿ ‘ಚಿನ್ಹೆ’ಯಾಗುತ್ತದೆ, ‘ಋಷಿ’ಯ ಮೊದಲಕ್ಷರ ‘ರು’ ಆಗಿಹೋಗಿದೆ. ಇಂಗ್ಲಿಷಿಗೂ ನಮಗೂ ಇರುವ ನಿಜವಾದ ವ್ಯತ್ಯಾಸ ಬೇರೆ. ಬದುಕು ಎಂಬರ್ಥದ ‘ಬಾೞ್’, ಕತ್ತಿ ಎಂಬರ್ಥದ ‘ಬಾಳ್’ ಹಳಗನ್ನಡದಲ್ಲಿ ಬೇರೆ ಧ್ವನಿಗಳು, ಬೇರೆ ಅಕ್ಷರಗಳು. ಕೇಶಿರಾಜ 13ನೆಯ ಶತಮಾನದಲ್ಲಿ ಈ ಳಕಾರಗಳ ಭೇದವನ್ನು ತನ್ನ ವ್ಯಾಕರಣದಲ್ಲಿ ವಿವರಿಸಿದ. ಮುಂದೆ ಮಾತಿನಲ್ಲಿ ಭೇದ ಅಳಿದಾಗ ಕನ್ನಡಿಗರು ೞ, ಮತ್ತು ಇನ್ನೊಂದು ಬಗೆಯ ರಕಾರವಾದ ಱ ಎಂಬ ಅಕ್ಷರಗಳನ್ನೂ ಕೈಬಿಟ್ಟರು. ಇಂಗ್ಲಿಷರು ಧ್ವನಿ ಹೋದ ಮೇಲೂ ಅಕ್ಷರವನ್ನು ಉಳಿಸಿಕೊಂಡರು.

ಪ್ರಶ್ನೆ: ಜಿ ಎಚ್ ಓ ಟಿ ಐ ಎಂದು ಬರೆದು ‘ಫಿಶ್’ ಎಂದು ಓದಬಹುದು ಎಂದು ಬರ್ನಾರ್ಡ್ ಷಾ ಹೇಳಿದ್ದು ನಿಜವೇ?

ಉತ್ತರ: ಅಲ್ಲ. ಷಾ ಹುಟ್ಟುವ ಮುನ್ನ, 1855ರ ಪತ್ರವೊಂದರಲ್ಲೇ ಈ ಚಮತ್ಕಾರವಿದೆ: ‘ಎನಫ್’ ಪದದ ಜಿ ಎಚ್, ‘ವಿಮೆನ್’ ಪದದ ಓ, ‘ನೇಷನ್’ ಪದದ ಟಿ ಐ ಸೇರಿಸಿದರೆ ‘ಫಿಶ್’ ಎಂಬುದು ಇದರ ತರ್ಕ. ಹಾಗೆ ಓದಲೂ ಬರುವುದಿಲ್ಲ: ಜಿ ಎಚ್ ಪದದ ಮೊದಲಲ್ಲಿ ಎಂದೂ ಫಕಾರವಾಗುವುದಿಲ್ಲ, ಟಿ ಐ ಪದದ ಕೊನೆಯಲ್ಲಿ ಶಕಾರವಾಗುವುದಿಲ್ಲ.

ಪ್ರಶ್ನೆ: ಮೂರನೆಯ ತರಗತಿಯ ಮಗನಿಗೆ ಇಂಗ್ಲಿಷ್ ಸ್ಪೆಲ್ಲಿಂಗ್ ಬರುವುದೇ ಇಲ್ಲ. ಮಿದುಳಿನ ನಡುಭಾಗವನ್ನು ಚುರುಕುಗೊಳಿಸುತ್ತೇವೆ ಎನ್ನುವ ‘ಮಿಡ್‌ಬ್ರೈನ್ ಆಕ್ಟಿವೇಷನ್’ ತರಬೇತಿಗೆ ಸೇರಿಸಬಹುದೇ?

ಉತ್ತರ: ಬೇಡ. ಅದು ವಿಜ್ಞಾನವಲ್ಲ, ತಂದೆತಾಯಿಯರ ಆತಂಕವನ್ನು ಹಣವಾಗಿಸುವ ದಂಧೆ. ಯುರೋಪಿನ 13 ಭಾಷೆಗಳ ಮಕ್ಕಳನ್ನು ಹೋಲಿಸಿ 2003ರಲ್ಲಿ ಪ್ರಕಟವಾದ ಅಧ್ಯಯನದ ಪ್ರಕಾರ, ಇತರ ಹೆಚ್ಚಿನ ಭಾಷೆಗಳ ಮಕ್ಕಳು ಮೊದಲ ವರ್ಷದ ಕೊನೆಗೆ ಸರಾಗವಾಗಿ ಓದುತ್ತಿದ್ದರೆ, ಮನೆಮಾತೇ ಇಂಗ್ಲಿಷ್ ಆಗಿರುವ ಮಕ್ಕಳು ಅದೇ ಹಂತವನ್ನು ಮುಟ್ಟಲು ಎರಡು ಪಟ್ಟಿಗೂ ಹೆಚ್ಚು ಸಮಯ ತೆಗೆದುಕೊಂಡರು. ಆದ್ದರಿಂದ ಗಾಬರಿಯಾಗುವ ಮೊದಲು ಮಗ ಕನ್ನಡವನ್ನು ಹೇಗೆ ಓದುತ್ತಾನೆ ಎಂಬುದನ್ನು ನೋಡಿ. ಕನ್ನಡದಲ್ಲೂ ಅಕ್ಷರ ಕೂಡಿಸಲು ಒದ್ದಾಡುತ್ತಿದ್ದರೆ ತಡಮಾಡದೆ ಮನಶ್ಶಾಸ್ತ್ರಜ್ಞರಿಂದ ಪರೀಕ್ಷೆ ಮಾಡಿಸಿ; ಕಲಿಕಾ ನ್ಯೂನತೆಯನ್ನು ಗುರುತಿಸಲು ಬೆಂಗಳೂರಿನ ನಿಮ್ಹಾನ್ಸ್ ರೂಪಿಸಿರುವ ಪರೀಕ್ಷಾ ಕ್ರಮವೇ ಇದೆ. ನಾನು ವೈದ್ಯನಲ್ಲ, ಮಗುವನ್ನು ನೋಡದೆ ಇದಕ್ಕಿಂತ ಹೆಚ್ಚು ಹೇಳುವುದು ಸರಿಯಲ್ಲ.

ಪ್ರಶ್ನೆ: ‘ಕಲರ್’ ಪದದಲ್ಲಿ ಎರಡನೆಯ ಓ ಆದ ಮೇಲೆ ಯು ಬೇಕೇ, ಬೇಡವೇ?

ಉತ್ತರ: ಬ್ರಿಟಿಷ್ ಕ್ರಮದಲ್ಲಿ ಬೇಕು, ಅಮೆರಿಕದ ಕ್ರಮದಲ್ಲಿ ಬೇಡ. ನಮ್ಮ ಶಾಲಾ ಪಠ್ಯಗಳು ಬ್ರಿಟಿಷ್ ಕ್ರಮವನ್ನು ಅನುಸರಿಸುವುದರಿಂದ ಪರೀಕ್ಷೆಯಲ್ಲಿ ಯು ಸೇರಿಸಿಯೇ ಬರೆಯಿರಿ, ಮತ್ತು ಒಂದೇ ಉತ್ತರಪತ್ರಿಕೆಯಲ್ಲಿ ಎರಡು ಕ್ರಮಗಳನ್ನು ಬೆರೆಸಬೇಡಿ.