ಪ್ರತಿಕ್ರಿಯೆ: ಹಿನ್ನೆಲೆ ಧ್ವನಿ ತೆಗೆದರೆ ವಿಚಾರ ಉಳಿಯುವುದೇ?

ಕಾಲದ ಸ್ವರೂಪವನ್ನು ಕುರಿತ ನಿಮ್ಮ ಪ್ರಾಯೋಗಿಕ ಕಿರುಚಿತ್ರವು ನೋಡಿದವರಿಗೆ ಪ್ರಬಂಧ ಓದಿಸಿದಂತೆ ಅನಿಸುತ್ತಿದೆ ಎಂದು ಬರೆದಿದ್ದೀರಿ. ಅದಕ್ಕೆ ಬಹುಶಃ ಹಿನ್ನೆಲೆ ಧ್ವನಿಯೇ, ಅಂದರೆ ನಿರೂಪಣೆಯ ಮಾತೇ ಕಾರಣ. ವಿಚಾರವನ್ನು ಮಾತು ಮೊದಲೇ ಹೇಳಿ ಮುಗಿಸುವುದರಿಂದ ದೃಶ್ಯಗಳಿಗೆ ಕೆಲಸವೇ ಉಳಿಯುವುದಿಲ್ಲ.

ಮೊದಲು ಆ ಧ್ವನಿಯನ್ನು ಪೂರ್ತಿ ಮುಚ್ಚಿ ಚಿತ್ರವನ್ನು ನೋಡಿ, ಕಾಲದ ಕುರಿತ ನಿಮ್ಮ ಪ್ರಶ್ನೆಯು ಯಾವ ಶಾಟ್‌ನಲ್ಲಿ ತಾನಾಗಿಯೇ ಏಳುತ್ತದೆ ಎಂಬುದನ್ನು ಗುರುತು ಮಾಡಿಕೊಳ್ಳಿ. ನೆನಪಿನ ಕುರಿತ ನನ್ನ ಚಿತ್ರದಲ್ಲಿ ಹೀಗೆ ಉಳಿದದ್ದು ಮೂರೇ ಶಾಟ್. ಅನಂತರ ಆ ಪ್ರಶ್ನೆಗೆ ಹೊಂದುವ ಒಂದೇ ಒಂದು ರೂಪದ ನಿಯಮವನ್ನು, ಅಂದರೆ ಚಿತ್ರವನ್ನು ಹೇಗೆ ಕಟ್ಟಬೇಕು ಎಂಬ ಕಟ್ಟುಪಾಡನ್ನು, ಆರಿಸಿಕೊಂಡು, ಅದನ್ನು ಎಲ್ಲಿ ಮುರಿದರೆ ಅರ್ಥ ಹುಟ್ಟುತ್ತದೆ ಎಂದು ಹುಡುಕಿ. ಉದಾಹರಣೆಗೆ, ಫ್ರೆಂಚ್ ನಿರ್ದೇಶಕ ಕ್ರಿಸ್ ಮಾರ್ಕರ್ ಅವರ 1962ರ ‘ಲಾ ಜೆಟೆ’ ಬಹುತೇಕ ಸ್ಥಿರಚಿತ್ರಗಳಿಂದಲೇ ಕಟ್ಟಿದ, ಸುಮಾರು 28 ನಿಮಿಷದ ಚಿತ್ರ. ಮಲಗಿರುವ ಹೆಣ್ಣು ಅದರಲ್ಲಿ ಒಮ್ಮೆ ಮಾತ್ರ ಕಣ್ಣು ತೆರೆದು ರೆಪ್ಪೆ ಮಿಟುಕಿಸುತ್ತಾಳೆ, ಸ್ಥಿರಚಿತ್ರದ ನಿಯಮ ಮುರಿಯುವ ಆ ಕೆಲವೇ ಕ್ಷಣಗಳಲ್ಲಿ ನೆನಪಿಗೂ ಜೀವಂತ ವರ್ತಮಾನಕ್ಕೂ ಇರುವ ಅಂತರ ನಮ್ಮ ಮೈಗೇ ತಾಗುತ್ತದೆ. ಅಲ್ಲಿಯೂ ನಿರೂಪಣೆ ಇದೆ, ಆದರೆ ಆ ಗಳಿಗೆಯಲ್ಲಿ ಅದು ಮೌನವಾಗಿರುತ್ತದೆ.

ನಿರೂಪಣೆಯನ್ನು ಮರಳಿ ತರುವುದಾದರೆ ತೀರ್ಮಾನ ಹೇಳುವ ಸಾಲುಗಳನ್ನು ಅಳಿಸಿ, ಘಟನೆ ಹೇಳುವವನ್ನಷ್ಟೇ ಇಡಿ. ನಿಮ್ಮ ಚಿತ್ರವನ್ನು ನಾನು ನೋಡಿಲ್ಲವಾದ್ದರಿಂದ ದೋಷವು ಸಂಕಲನದ ವೇಗದಲ್ಲೂ ಇರಬಹುದು. ಧ್ವನಿ ತೆಗೆದ ಮೇಲೂ ಅದೇ ಅನುಭವವಾದರೆ, ಗುರುತಿಸಿದ ಶಾಟನ್ನು ಎರಡು ಪಟ್ಟು ಹೊತ್ತು ನಿಲ್ಲಿಸಿ ಹೊಸಬರೊಬ್ಬರಿಗೆ ತೋರಿಸಿ.