ಮಾತು ಕೇಳದೆ ಗ್ರಾಮ ಪಂಚಾಯ್ತಿ ಅಧ್ಯಕ್ಷರನ್ನು ಕೆಳಗಿಳಿಸಬಹುದಾ?

ನಿಮ್ಮ ಅತ್ತಿಗೆ ಗ್ರಾಮ ಪಂಚಾಯ್ತಿ ಅಧ್ಯಕ್ಷೆ. ಕೊಳವೆಬಾವಿ ಮೋಟಾರಿನ ಬಿಲ್ ಬಗ್ಗೆ ಯಾರೋ ದೂರು ಕೊಟ್ಟಿದ್ದಾರೆ. "ಇವರನ್ನ ತೆಗೀತಾರಂತೆ" ಅಂತ ಊರೆಲ್ಲ ಸುದ್ದಿ. ಅವರ ಮಾತು ಕೇಳದೇ ತೆಗೆಯೋಕೆ ಆಗುತ್ತಾ ಅಂತ ಕೇಳಿದ್ದೀರಿ. ನಾನು ವಕೀಲನಲ್ಲ. ಒಂದು ಅವಧಿಗೆ ಪಂಚಾಯ್ತಿ ಸದಸ್ಯನಾಗಿದ್ದೆ. ಆಗ ನಮ್ಮ ಅಧ್ಯಕ್ಷೆಗೂ ಹೆಚ್ಚುಕಮ್ಮಿ ಇದೇ ಆಯಿತು. ಹಾಗಾಗಿ ಕಂಡಿದ್ದನ್ನೇ ಹೇಳುತ್ತೇನೆ.

ಮೊದಲು ಅವರ ಕೈಗೆ ಬಂದಿರುವ ಕಾಗದ ಯಾವುದು ನೋಡಿ. ಉತ್ತರವೆಲ್ಲ ಅದರ ಮೇಲೇ ನಿಂತಿದೆ. ಜನ ಎರಡು ಬೇರೆ ದಾರಿಗಳನ್ನು ಒಂದೇ ಅಂದುಕೊಂಡು ಗೊಂದಲ ಮಾಡಿಕೊಳ್ಳುತ್ತಾರೆ.

ಸಹಾಯಕ ಆಯುಕ್ತರಿಂದ, ಅಂದರೆ ಎಸಿ ಸಾಹೇಬರ ಕಚೇರಿಯಿಂದ ಸಭೆಯ ನೋಟೀಸು ಬಂದಿದ್ದರೆ ಅದು ಅವಿಶ್ವಾಸ, ಅಂದರೆ ಸದಸ್ಯರೇ ಮತ ಹಾಕಿ ಇಳಿಸೋದು. ಕರ್ನಾಟಕದ 1993ರ ಪಂಚಾಯತ್ ರಾಜ್ ಕಾಯ್ದೆಯ 49ನೇ ಪ್ರಕರಣ (ಸೆಕ್ಷನ್). ಅರ್ಧದಷ್ಟು ಸದಸ್ಯರಾದರೂ ಸಹಿ ಹಾಕಿ ಕೊಟ್ಟಿರಬೇಕು. ಪಾಸಾಗೋಕೆ ಒಟ್ಟು ಸದಸ್ಯರಲ್ಲಿ ಮೂರನೇ ಎರಡರಷ್ಟು ಜನ ಪರವಾಗಿ ಮತ ಹಾಕಬೇಕು. ಸಭೆಗೆ ಬಂದವರಲ್ಲಿ ಅಲ್ಲ, ಒಟ್ಟು ಸದಸ್ಯರಲ್ಲಿ. 15 ಜನರ ಪಂಚಾಯ್ತಿ ಆದರೆ 10 ಬೇಕು, 9 ಬಂದರೆ ಬಿದ್ದುಹೋಯಿತು. ಇಲ್ಲಿ "ನನ್ನ ತಪ್ಪೇನು, ನನ್ನ ಮಾತು ಕೇಳಿ" ಅನ್ನುವ ವಾದ ನಡೆಯಲ್ಲ. ಎಸಿ ನಿರ್ಣಯ ಓದಿ ನೇರ ಮತಕ್ಕೆ ಹಾಕುತ್ತಾರೆ, ಚರ್ಚೆಯೂ ಇಲ್ಲ. ಕೂರಿಸಿದವರೇ ಇಳಿಸುತ್ತಿದ್ದಾರೆ, ಅದೇನು ಕಳಂಕ ಅಲ್ಲ ಅನ್ನೋದು ಕಾನೂನಿನ ಲೆಕ್ಕ.  ಇಲ್ಲಿ ಹೋರಾಡಬಹುದಾದ್ದು ಲೆಕ್ಕ ಮತ್ತು ದಿನಗಳ ಮೇಲೆ ಮಾತ್ರ. ಸಹಿ ಸಾಕಷ್ಟಿವೆಯಾ, ನೋಟೀಸಿಗೂ ಸಭೆಗೂ ನಡುವೆ ನಿಯಮ ಹೇಳಿದಷ್ಟು ದಿನ ಇದೆಯಾ, ಅಷ್ಟೇ. ಅಧ್ಯಕ್ಷಗಿರಿ ಹೋದರೂ ಸದಸ್ಯತ್ವ ಉಳಿಯುತ್ತದೆ. ಆಯ್ಕೆಯಾದ ಹೊಸದರಲ್ಲಿ ಅವಿಶ್ವಾಸ ತರುವಂತಿಲ್ಲ ಅಂತಲೂ ಇದೆ. ಆ ತಿಂಗಳ ಮಿತಿ ತಿದ್ದುಪಡಿಗಳಲ್ಲಿ ಬದಲಾಗಿದೆ, ಇತ್ತೀಚಿನ ಪುಸ್ತಕವನ್ನೇ ನೋಡಿ.

ನೀವು ಬಿಲ್ಲಿನ ಮಾತು ಎತ್ತಿದ್ದರಿಂದ ನನಗೆ ಇನ್ನೊಂದು ದಾರಿಯ ಅನುಮಾನ. ಅದು ಅದೇ ಕಾಯ್ದೆಯ 48(4). ಕರ್ತವ್ಯದಲ್ಲಿ ಪದೇ ಪದೇ ಲೋಪ ಅಥವಾ ದುರ್ನಡತೆ ಅಂತ ಸರ್ಕಾರವೇ ತೆಗೆಯೋದು. ಸಾಮಾನ್ಯವಾಗಿ ತಾಲೂಕು ಪಂಚಾಯ್ತಿ ಇಒ (ಕಾರ್ಯನಿರ್ವಾಹಕ ಅಧಿಕಾರಿ) ಬಂದು ಕಡತ ನೋಡುತ್ತಾರೆ, ವರದಿ ಜಿಲ್ಲಾ ಪಂಚಾಯ್ತಿ ಸಿಇಒಗೆ (ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿಗೆ) ಹೋಗುತ್ತದೆ, ಅಲ್ಲಿಂದ ಮೇಲಕ್ಕೆ. ಇದು ಕಳಂಕ ಹೊರಿಸಿ ಇಳಿಸುವುದು. ಹೀಗೆ ಹೋದವರು ಆ ಅವಧಿ ಪೂರ್ತಿ ಮತ್ತೆ ಅಧ್ಯಕ್ಷ, ಉಪಾಧ್ಯಕ್ಷ ಆಗುವಂತಿಲ್ಲ. ಅದಕ್ಕೇ ಕಾಯ್ದೆ ತನ್ನ ಬಾಯಲ್ಲೇ ಹೇಳಿದೆ: ಅವರಿಗೆ ಹೇಳಿಕೊಳ್ಳುವ ಅವಕಾಶ ಕೊಟ್ಟ ಮೇಲೇ ತೆಗೆಯಬೇಕು. "ಪದೇ ಪದೇ" ಅನ್ನುವ ಮಾತನ್ನೂ ಗಟ್ಟಿಯಾಗಿ ಹಿಡಿದುಕೊಳ್ಳಿ. ಒಂದು ಬಿಲ್ ತಡವಾಯಿತು ಅಂದರೆ ಅದು ಪದೇ ಪದೇ ಹೇಗಾಗುತ್ತೆ?

ಅವಕಾಶ ಅಂದರೆ ಎಷ್ಟು? ನಮ್ಮ ಅಧ್ಯಕ್ಷೆಗೆ ಸಿಕ್ಕಿದ್ದು ಮೂರು ನಿಮಿಷ. ಲಕೋಟೆ ಬಂದಿದ್ದು ಗುರುವಾರ ಮಧ್ಯಾಹ್ನ, ವಿಚಾರಣೆ ಶುಕ್ರವಾರ ಬೆಳಗ್ಗೆ 11ಕ್ಕೆ ಬೆಂಗಳೂರಲ್ಲಿ. ಒಳಗಿನ ಪತ್ರದ ತಾರೀಕು ಮಾತ್ರ 12 ದಿನ ಹಿಂದಿನದು. ರಾತ್ರಿ ಬಸ್ಸು ಹಿಡಿದು ಹೋದೆವು. ಕುರ್ಚಿಯಲ್ಲಿದ್ದ ಅಧಿಕಾರಿ ಫೈಲಿನಿಂದ ತಲೆ ಎತ್ತದೆ "ಹೇಳೋದೇನಾದ್ರೂ ಇದೆಯೇನಮ್ಮ?" ಅಂದರು. "ಸರ್, ವರದೀಲಿ ಏನಿದೆ ಅಂತಾನೇ ಗೊತ್ತಿಲ್ಲ" ಅಂದರು ಆಯಮ್ಮ. "ಆಯ್ತು, ಸಹಿ ಹಾಕಿ." ಮುಗೀತು. ಇದು ಕಣ್ಣೊರೆಸೋದೇ ಹೊರತು ವಿಚಾರಣೆ ಅಲ್ಲ.

ನಿಜವಾದ ಅವಕಾಶ ಅಂದರೆ ಆರೋಪ ಏನು ಅಂತ ಬಿಡಿಸಿ ಬರೆದಿರಬೇಕು. ಸುಮ್ನೆ "ಹಣ ದುರುಪಯೋಗ" ಅಂದರೆ ಸಾಲದು. ಯಾವ ಕಾಮಗಾರಿ, ಯಾವ ವೋಚರ್, ಎಷ್ಟು ರೂಪಾಯಿ ಅಂತ ಇರಬೇಕು. ವರದಿಯ ಪ್ರತಿ ಕೊಡಬೇಕು. ಉತ್ತರ ಬರೆಯೋಕೆ ದಿನ ಬೇಕು. ಆದೇಶದಲ್ಲಿ ನಿಮ್ಮ ಉತ್ತರ ಯಾಕೆ ಒಪ್ಪಲಿಲ್ಲ ಅನ್ನುವ ಕಾರಣ ಕಾಣಬೇಕು. ನೋಟೀಸಿನಲ್ಲಿ ಒಂದು, ಆದೇಶದಲ್ಲಿ ಇನ್ನೊಂದು ಇರಬಾರದು.

ಕೋರ್ಟುಗಳು ಈ ವಿಷಯದಲ್ಲಿ ಸಡಿಲ ಬಿಟ್ಟಿಲ್ಲ. ಛತ್ತೀಸಗಢದ ಜಶ್ಪುರ ಜಿಲ್ಲೆಯಲ್ಲಿ 27 ವರ್ಷದ ಸರಪಂಚೆಯೊಬ್ಬರನ್ನು (ನಮ್ಮಲ್ಲಿ ಅಧ್ಯಕ್ಷೆ ಇದ್ದ ಹಾಗೆ) ಕಾಮಗಾರಿ ತಡವಾಯಿತು ಅಂತ ತೆಗೆದಿದ್ದರು. 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ಜೊತೆಗೆ ಆಕೆಗೆ 1 ಲಕ್ಷ ರೂಪಾಯಿ ಕೊಡಿ ಅಂತ ರಾಜ್ಯ ಸರ್ಕಾರಕ್ಕೇ ಹೇಳಿತು. ಅದೇ ವರ್ಷ ಸೆಪ್ಟೆಂಬರಿನಲ್ಲಿ ಮಹಾರಾಷ್ಟ್ರದ ಜಳಗಾಂವ್ ಕಡೆಯ ಒಬ್ಬ ಸರಪಂಚೆಯನ್ನು ಬೇರೆ ಕಾರಣಕ್ಕೆ ತೆಗೆದಿದ್ದನ್ನೂ ರದ್ದು ಮಾಡಿತ್ತು. ಹೆಣ್ಣುಮಗಳು ಮುಂದಾಳಾಗಿದ್ದು ಊರಿನವರಿಗೆ ಜೀರ್ಣವಾಗಿಲ್ಲ ಅನ್ನೋ ಅರ್ಥದ ಮಾತನ್ನೂ ಕೋರ್ಟ್ ಆಡಿತು. ನಮ್ಮ ಕಡೆಯೂ ನೋಡಿದ್ದೇವಲ್ಲ, ದೂರಿನ ಹಿಂದೆ ಎಷ್ಟೋ ಸಲ ಬಿಲ್ಲಿಗಿಂತ ಹೊಟ್ಟೆಕಿಚ್ಚೇ ಜಾಸ್ತಿ.

ಈಗ ಮಾಡಬೇಕಾದ್ದು. ಮಾತಲ್ಲಿ ಏನೂ ಹೇಳಬೇಡಿ, ಎಲ್ಲ ಬರಹದಲ್ಲಿ. "ವರದಿ, ದೂರಿನ ಪ್ರತಿ, ಅಳತೆ ಪುಸ್ತಕದ (ಕಾಮಗಾರಿಯ ಅಳತೆ ಬರೆದಿಡುವ ಪುಸ್ತಕ) ನಕಲು ಕೊಡಿ, ಆಮೇಲೆ ಇಷ್ಟು ದಿನ ಸಮಯ ಕೊಡಿ" ಅಂತ ಒಂದು ಅರ್ಜಿ ಕೊಟ್ಟು, ನಿಮ್ಮ ಪ್ರತಿಗೆ ಸ್ವೀಕೃತಿ ಸೀಲು ಹಾಕಿಸಿಕೊಳ್ಳಿ. ಸೀಲು ಹಾಕಲ್ಲ ಅಂದರೆ ಸ್ಪೀಡ್ ಪೋಸ್ಟ್. ದುಡ್ಡು ಬಿಡುಗಡೆ ಆಗಿದ್ದು ಅಧ್ಯಕ್ಷರು ಮತ್ತು ಪಿಡಿಒ (ಪಂಚಾಯ್ತಿ ಅಭಿವೃದ್ಧಿ ಅಧಿಕಾರಿ) ಇಬ್ಬರ ಸಹಿಯಿಂದ ಅನ್ನೋದನ್ನೂ ಉತ್ತರದಲ್ಲಿ ಬರೆಯಿರಿ. ಅತ್ತಿಗೆಯ ಡಾಂಗಲ್, ಅಂದರೆ ಕಂಪ್ಯೂಟರಿನಲ್ಲಿ ಡಿಜಿಟಲ್ ಸಹಿ ಹಾಕುವ ಕೀ, ಯಾರ ಹತ್ತಿರ ಇರುತ್ತಿತ್ತು ಅಂತ ಮನೆಯಲ್ಲೇ ಮೊದಲು ಕೇಳಿಕೊಳ್ಳಿ. ಬಹಳ ಕಡೆ ಅದು ಅಧ್ಯಕ್ಷರ ಕೈಯಲ್ಲೇ ಇರಲ್ಲ, ಕಂಪ್ಯೂಟರ್ ಆಪರೇಟರ್ ಮೇಜಿನ ಡ್ರಾಯರಿನಲ್ಲಿರುತ್ತೆ. ನಾಳೆ ಅದೇ ಕುತ್ತಿಗೆಗೆ ಬರುತ್ತೆ. ಆದೇಶ ಆಗಿಯೇ ಹೋದರೆ ಹೈಕೋರ್ಟಿಗೆ ರಿಟ್ ಅರ್ಜಿ. ನಿಮ್ಮ ಜಿಲ್ಲೆ ನೋಡಿಕೊಂಡು ಬೆಂಗಳೂರು, ಧಾರವಾಡ ಇಲ್ಲವೇ ಕಲಬುರಗಿ ಪೀಠ.

ಇನ್ನೊಂದು, ನೋಟೀಸು ಬಂದ ಲಕೋಟೆ ಎಸೆಯಬೇಡಿ. ಪತ್ರದ ತಾರೀಕು ಏನೇ ಇರಲಿ, ನಿಜಕ್ಕೂ ಯಾವತ್ತು ಬಂತು ಅನ್ನೋದಕ್ಕೆ ಅದರ ಮೇಲಿನ ಮುದ್ರೆಯೇ ಸಾಕ್ಷಿ. ನಮ್ಮ ಅಧ್ಯಕ್ಷೆಯ ಮಗ ಅದರ ಹಿಂದೆ ಹಾಲಿನ ಲೆಕ್ಕ ಬರೆದಿಟ್ಟಿದ್ದ. ಪುಣ್ಯಕ್ಕೆ ಮುಂಭಾಗದ ಅಂಚೆ ಮುದ್ರೆ ಅಳಿಸಿರಲಿಲ್ಲ. ವಕೀಲರು ಹಾಲಿನ ಲೆಕ್ಕದ ಸಮೇತ ಅದನ್ನೇ ಕೋರ್ಟಿಗೆ ಲಗತ್ತಿಸಿದರು. ಆದೇಶ ರದ್ದಾಯಿತು, ಹೊಸದಾಗಿ ವಿಚಾರಣೆ ಮಾಡಿ ಅಂತ ಬಂತು. ಅದು ಮುಗಿಯುವಷ್ಟರಲ್ಲಿ ನಮ್ಮೆಲ್ಲರ ಅವಧಿಯೇ ಮುಗಿದಿತ್ತು.